ದುಡಿಮೆ ಖಾಯಂ, ದುಡಿಯುವವನು ಹಂಗಾಮಿ

ಬಸ್ಸು ತೊಳೆಯುವವರು ಸುಪ್ರೀಂ ಕೋರ್ಟಿನವರೆಗೆ ನಡೆದ ದಾರಿ

ಊರಿಗೆ ಹೊರಟ ನಮ್ಮ ಜನರು ಬೆಳಗಿನ ಜಾವದಲ್ಲಿ ಎಸ್.ಟಿ. ಬಸ್ಸನ್ನು ಹತ್ತಿದೊಡನೆ ಆಸನವನ್ನು ಕರವಸ್ತ್ರದಿಂದ ಒಮ್ಮೆ ಒರಸಿ ಕುಳಿತುಕೊಳ್ಳುವುದು ರೂಢಿ. ಕರವಸ್ತ್ರಕ್ಕೆ ಧೂಳು ಹತ್ತಿದರೆ ಕಂಡಕ್ಟರನನ್ನು ಗದರಿಸುತ್ತೇವೆ. ಹತ್ತದಿದ್ದರೆ ಯಾರನ್ನೂ ನೆನೆಯುವುದಿಲ್ಲ. ಹಿಂದಿನ ರಾತ್ರಿ ನಾವು ನಿದ್ರಿಸುತ್ತಿದ್ದಾಗ ಆ ಬಸ್ಸಿನೊಳಗಿನ ಕಡಲೆಕಾಯಿ ಸಿಪ್ಪೆಯನ್ನು ಗುಡಿಸಿ, ಪ್ರಯಾಣಿಕರ ವಾಂತಿಯನ್ನು ತೊಳೆದು, ಚಕ್ರಗಳ ಕೆಸರನ್ನುಜ್ಜಿ, ಅದನ್ನು ಮರುದಿನದ ಪ್ರಯಾಣಕ್ಕೆ ಸಿದ್ಧಗೊಳಿಸಿದ ಮನುಷ್ಯನೊಬ್ಬನಿದ್ದಾನೆಂಬುದು ನಮ್ಮ ಲೆಕ್ಕಕ್ಕೆ ಬರುವುದಿಲ್ಲ. ನಮ್ಮ ಲೆಕ್ಕ ಹಾಗಿರಲಿ. ಬಹುಕಾಲ ಅವನು ಆ ಬಸ್ಸಿನ ಒಡೆಯನಾದ ನಿಗಮದ ಲೆಕ್ಕಕ್ಕೂ ಬಂದಿರಲಿಲ್ಲ.

ಮಹಾರಾಷ್ಟ್ರ ರಾಜ್ಯ ರಸ್ತೆ ಸಾರಿಗೆ ನಿಗಮದ ಡಿಪೋಗಳಲ್ಲಿ ಬಸ್ಸು ತೊಳೆಯುತ್ತಿದ್ದ ಇಂಥ ಕೆಲಸಗಾರರು, ತಾವೂ ನಿಗಮದ ಖಾಯಂ ನೌಕರರೆಂದು ಎನ್ನಿಸಿಕೊಳ್ಳುವುದಕ್ಕಾಗಿ ಕೈಗಾರಿಕಾ ನ್ಯಾಯಾಲಯದ ಮೆಟ್ಟಿಲನ್ನೇರಿದರು. ಅಲ್ಲಿಂದ ಮುಂಬಯಿ ಹೈಕೋರ್ಟಿಗೆ, ಹೈಕೋರ್ಟಿನಿಂದ ಸುಪ್ರೀಂ ಕೋರ್ಟಿಗೆ ವ್ಯಾಜ್ಯವು ಸಾಗಿತು. ೧೯೮೦ರ ದಶಕದಲ್ಲಿ ಕೆಲಸಕ್ಕೆ ಸೇರಿದವರ ಪ್ರಶ್ನೆಗೆ ಕೊನೆಯ ಉತ್ತರವು ದೊರೆತುದು ೨೦೦೯ನೆಯ ಇಸವಿ ಆಗಸ್ಟ್ ೨೮ರಂದು. ಮುಂಬಯಿ, ಪುಣೆ, ಸೊಲ್ಲಾಪುರಗಳಲ್ಲಿ ದುಡಿಯುವ ನಮ್ಮವರಲ್ಲಿ ಬದಲಿಯೆಂದೋ, ಹಂಗಾಮಿಯೆಂದೋ, ಗುತ್ತಿಗೆಯವರೆಂದೋ ಕರೆಯಿಸಿಕೊಳ್ಳುವವರು ಕಡಮೆಯಿಲ್ಲ. ಆದುದರಿಂದ ಆ ವ್ಯಾಜ್ಯದ ಕಥೆಯನ್ನೂ ಅದರಿಂದ ಕಲಿಯಬೇಕಾದುದನ್ನೂ ವಾಚಕರ ಮುಂದಿಡುವುದು ಅವಶ್ಯವೆಂದು ತೋರಿದೆ.

ಯಾರ ಬದಲಿ?

ಬಸ್ಸಿನ ಓಡಾಟವು ಹಬ್ಬವೆನ್ನದೆ ಹುಣ್ಣಿಮೆಯೆನ್ನದೆ ನಡೆಯತಕ್ಕದ್ದು. ಡ್ರೈವರನಿಗೆ ಜ್ವರ ಬಂದಿತೆಂದು ಬಸ್ಸು ನಿಲ್ಲುವಂತಿಲ್ಲ. ಕಂಡಕ್ಟರನು ಮಗಳ ಮದುವೆಗೆ ಹೋದನೆಂದು ಪ್ರಯಾಣಿಕರನ್ನು ಹಿಂದಕ್ಕೆ ಕಳುಹಿಸುವಂತಿಲ್ಲ. ಅಂಥ ದಿನಗಳಲ್ಲಿ ನಿಲ್ಲುವುದಕ್ಕೆಂದು ಕೆಲವರ ಹೆಸರುಗಳನ್ನು ಬರೆದಿಟ್ಟುಕೊಳ್ಳುವ ಪದ್ಧತಿಯು ಗಿರಣಿಗಳಲ್ಲಿದ್ದಂತೆ ಸಾರಿಗೆಯಲ್ಲಿಯೂ ಬೆಳೆದು ಬಂದಿತು. ಅವರೇ ಬದಲಿಗಳು. ದಿನಗೂಲಿಯ ಮೇಲೆ ಬರುವವನು ರೋಜಂದಾರಿ. ನಿಗದಿಯಾದ ಅವಧಿಗೆ ನೇಮಕಗೊಂಡವನು ಹಂಗಾಮಿ. ಮಧ್ಯಸ್ಥನೊಬ್ಬನ ಮೂಲಕ ಬಂದವನು ಗುತ್ತಿಗೆಯವನು. ಹೆಸರು ನಾಲ್ಕಾದರೂ ಅವರ ಕೊರತೆಯು ಒಂದೇ: ನಾಳೆಯ ಕೆಲಸದ ಭರವಸೆಯಿಲ್ಲ, ಭಡತಿಯಿಲ್ಲ, ವೃದ್ಧಾಪ್ಯಕ್ಕೆ ಆಧಾರವಿಲ್ಲ.

ಬದಲಿಯನ್ನಿಟ್ಟುಕೊಳ್ಳುವುದೇ ಅನ್ಯಾಯವೆಂದು ಹೇಳಲಾಗದು. ಈ ಲೇಖಕನೂ ಬಹುಕಾಲ ಹೋಟೆಲಿನ ಗಲ್ಲಾದ ಹಿಂದೆ ಕುಳಿತವನೇ. ಕೊಯ್ಲಿನ ದಿನಗಳಲ್ಲಿ ಕೆಲಸದವರು ಊರಿಗೆ ಹೋದಾಗ ಬದಲಿಯವರಿಲ್ಲದಿದ್ದರೆ ಒಲೆ ಉರಿಯುತ್ತಿರಲಿಲ್ಲ. ಆದರೆ ಒಂದು ಪ್ರಸಂಗವನ್ನು ಇಲ್ಲಿ ಮುಚ್ಚಿಡಲಾರೆ. ತಟ್ಟೆ ತೊಳೆಯುವ ಕೆಲಸಕ್ಕೆ ಒಬ್ಬ ತರುಣನು ಬದಲಿಯಾಗಿ ಬಂದನು. ಎರಡು ತಿಂಗಳಿಗೆಂದು ಬಂದವನು ಮೂರು ವರ್ಷ ನಿಂತನು. ಖಾಯಂ ಜನರಿಗೆ ಸಿಗುತ್ತಿದ್ದ ಸಂಬಳವೂ ರಜೆಯೂ ಅವನಿಗೆ ದೊರೆಯಲಿಲ್ಲ. ಒಂದು ರಾತ್ರಿ ಲೆಕ್ಕ ಮುಗಿಸುವ ಹೊತ್ತಿಗೆ ಅವನು ಎದುರಿಗೆ ಬಂದು, "ಧಣಿಗಳೇ, ನಾನು ಯಾರ ಬದಲಿಗೆ ಇರುವುದು?" ಎಂದು ಕೇಳಿದನು. ಯಾರ ಸ್ಥಳದಲ್ಲಿ ಅವನು ಬಂದಿದ್ದನೋ ಆ ಮನುಷ್ಯನು ತಿರುಗಿ ಬಂದಿರಲೇ ಇಲ್ಲ. ಉತ್ತರವು ನನ್ನ ಬಾಯಿಗೆ ಬರಲಿಲ್ಲ. ಮರುತಿಂಗಳಿನಿಂದ ಅವನ ಹೆಸರನ್ನು ಖಾಯಂ ಪಟ್ಟಿಗೆ ಏರಿಸಿದೆನಾದರೂ, ಕಳೆದ ಮೂರು ವರ್ಷಗಳ ಲೆಕ್ಕವು ಅಲ್ಲಿಯೇ ಉಳಿಯಿತು.

ಬಸ್ಸು ತೊಳೆಯುವವರು ನ್ಯಾಯಾಲಯದ ಮುಂದಿಟ್ಟುದು ಹೆಚ್ಚು ಕಡಮೆ ಇದೇ ಪ್ರಶ್ನೆಯನ್ನು.

ಎಸ್.ಟಿ.ಯೂ ನಮ್ಮವರೂ

ಎಸ್.ಟಿ.ಯ ಮೊದಲನೆಯ ಬಸ್ಸು ಪುಣೆಯಿಂದ ಅಹಮದನಗರಕ್ಕೆ ಹೊರಟುದು ೧೯೪೮ನೆಯ ಜೂನ್ ೧ರಂದು. ಆಗಿನ ಮುಂಬಯಿ ರಾಜ್ಯದಲ್ಲಿ ಬೆಳಗಾವಿ, ಧಾರವಾಡ, ವಿಜಾಪುರ, ಕಾರವಾರ ಜಿಲ್ಲೆಗಳೂ ಸೇರಿದ್ದುದರಿಂದ ಕನ್ನಡ ನಾಡಿನ ಒಂದು ದೊಡ್ಡ ಭಾಗವು ಅದೇ ಸಾರಿಗೆಯ ಬಸ್ಸುಗಳಲ್ಲಿ ಓಡಾಡಿತು. ೧೯೫೬ರ ರಾಜ್ಯ ಪುನರ್ವಿಂಗಡಣೆಯಲ್ಲಿ ಆ ಜಿಲ್ಲೆಗಳು ಮೈಸೂರು ರಾಜ್ಯಕ್ಕೆ ಸೇರಿ, ಮುಂದೆ ೧೯೬೧ರ ಆಗಸ್ಟಿನಲ್ಲಿ ಮೈಸೂರಿನಲ್ಲಿಯೂ ಸಾರಿಗೆ ನಿಗಮವು ಸ್ಥಾಪಿತವಾಯಿತು. ಹೀಗೆ ಎರಡು ರಾಜ್ಯಗಳ ನಿಗಮಗಳಲ್ಲಿಯೂ ಖಾಯಂ-ಹಂಗಾಮಿ ಎಂಬ ಭೇದವು ಒಂದೇ ಮನೆತನದ ಆಸ್ತಿಯಂತೆ ಮುಂದುವರಿಯಿತು.

ಅದೇ ೧೯೫೬ರಲ್ಲಿ ಎಸ್.ಟಿ.ಯ ಆಡಳಿತಕ್ಕೂ ಕಾರ್ಮಿಕರಿಗೂ ಒಂದು ಒಪ್ಪಂದವಾಯಿತು. ೧೮೦ ದಿನಗಳ ನಿರಂತರ ಸೇವೆಯನ್ನು ಪೂರೈಸಿದ ದಿನಗೂಲಿ ನೌಕರನನ್ನು ವೇತನಶ್ರೇಣಿಗೆ ತರಬೇಕೆಂಬುದು ಅದರ ೪೯ನೆಯ ಕಲಮಿನ ತಾತ್ಪರ್ಯ. ಇದಲ್ಲದೆ ಮುಂಬಯಿ ರಾಜ್ಯದ ೧೯೫೯ರ ಮಾದರಿ ಸ್ಥಾಯೀ ಆದೇಶಗಳಲ್ಲಿ, ಹನ್ನೆರಡು ತಿಂಗಳುಗಳೊಳಗೆ ೨೪೦ ದಿನ ಎಡೆಬಿಡದೆ ದುಡಿದ ಬದಲಿ ಅಥವಾ ಹಂಗಾಮಿ ಕೆಲಸಗಾರನನ್ನು ಲಿಖಿತ ಆಜ್ಞೆಯಿಂದ ಖಾಯಂ ಮಾಡಬೇಕೆಂಬ ನಿಯಮವು ಸೇರಿಕೊಂಡಿತು.

ನಿಯಮವು ಹುಟ್ಟಿದೊಡನೆ ಉಪಾಯವೂ ಹುಟ್ಟುವುದು ಲೋಕರೂಢಿ. ದಿನಗಳ ಗಡುವು ಸಮೀಪಿಸುತ್ತಲೇ ಕೆಲಸಗಾರನನ್ನು ನಾಲ್ಕು ದಿನ ಮನೆಗೆ ಕಳುಹಿಸಿ, ಐದನೆಯ ದಿನ ಹೊಸಬನಂತೆ ಮತ್ತೆ ಕರೆದುಕೊಳ್ಳುವುದು. ಒಂದು ರಿಜಿಸ್ಟರಿನಲ್ಲಿ ಒಂದು ಹೆಸರು, ಇನ್ನೊಂದರಲ್ಲಿ ಇನ್ನೊಂದು ಹೆಸರು ಬರೆಯುವುದು. ಸಂಬಳದ ಬದಲು ಕೆಲಸಕ್ಕಿಷ್ಟೆಂದು ಎಣಿಸಿ ಕೊಡುವುದು - ಇವೆಲ್ಲ ಮಾಲೀಕರ ಹಳೆಯ ಉಪಾಯಗಳು. ಖಾಸಗಿ ಮಾಲೀಕನು ಹಾಗೆ ಮಾಡಿದರೆ ಲೋಭಿಯೆನ್ನುತ್ತೇವೆ. ಪ್ರಜೆಗಳ ಹಣದಿಂದ ನಡೆಯುವ ಸಂಸ್ಥೆಗಳೂ ಅದೇ ದಾರಿಯನ್ನು ಹಿಡಿದಾಗ ಅದಕ್ಕೆ ಆಡಳಿತದ ಅಡಚಣೆಯೆಂದು ಹೆಸರಾಗುತ್ತದೆ.

ಆರನೆಯ ಬಾಬು

ಈ ಉಪಾಯಗಳಿಗೆ ಮಹಾರಾಷ್ಟ್ರವು ಕೊಟ್ಟ ಉತ್ತರವೆಂದರೆ ಕಾರ್ಮಿಕ ಸಂಘಗಳ ಮಾನ್ಯತೆ ಹಾಗೂ ಅನುಚಿತ ಕಾರ್ಮಿಕ ಪದ್ಧತಿಗಳ ನಿವಾರಣೆಯ ೧೯೭೧ರ ಕಾಯಿದೆ. ಅದು ಜಾರಿಗೆ ಬಂದುದು ೧೯೭೫ರ ಸೆಪ್ಟೆಂಬರಿನಲ್ಲಿ. ಆ ಕಾಯಿದೆಯ ನಾಲ್ಕನೆಯ ಪರಿಶಿಷ್ಟದಲ್ಲಿ ಮಾಲೀಕರು ಮಾಡಬಾರದ ಕೃತ್ಯಗಳ ಪಟ್ಟಿಯಿದೆ. ಅದರ ಆರನೆಯ ಬಾಬು ಬದಲಿಗಳ ಪಾಲಿನ ಆಸರೆಯಾಯಿತು: ನೌಕರರನ್ನು ಬದಲಿ, ತಾತ್ಪೂರ್ತಿಕ ಅಥವಾ ಹಂಗಾಮಿಯೆಂದು ನೇಮಿಸಿ, ಖಾಯಂ ನೌಕರರ ಸ್ಥಾನಮಾನ ಹಾಗೂ ಸವಲತ್ತುಗಳನ್ನು ತಪ್ಪಿಸುವ ಉದ್ದೇಶದಿಂದ ಅವರನ್ನು ವರ್ಷಗಟ್ಟಲೆ ಹಾಗೆಯೇ ಮುಂದುವರಿಸುವುದು ಅನುಚಿತ ಪದ್ಧತಿಯೆಂದು ಅದು ಸಾರಿತು.

ಇಲ್ಲಿ ಎರಡು ಮಾತುಗಳನ್ನು ಗಮನಿಸಬೇಕು. ಬದಲಿಯನ್ನು ನೇಮಿಸುವುದು ತಪ್ಪೆಂದು ಕಾಯಿದೆಯು ಹೇಳಲಿಲ್ಲ. ವರ್ಷಗಟ್ಟಲೆ ಬದಲಿಯಾಗಿಯೇ ಇರಿಸುವುದು ತಪ್ಪೆಂದಿತು. ಮತ್ತು ಅದರ ಹಿಂದೆ ಸವಲತ್ತು ತಪ್ಪಿಸುವ ಉದ್ದೇಶವಿರಬೇಕೆಂದಿತು. ಮನುಷ್ಯನ ಉದ್ದೇಶವನ್ನು ಕಂಡವರಾರು? ಆದರೆ ಕೆಲಸವು ದಿನನಿತ್ಯದ್ದಾಗಿದ್ದು, ಹುದ್ದೆಯೂ ಇದ್ದು, ದುಡಿಯುವವನೂ ಅವನೇ ಆಗಿದ್ದು, ಹತ್ತು ವರ್ಷವಾದರೂ ಅವನನ್ನು ಹಂಗಾಮಿಯೆಂದೇ ಬರೆಯುತ್ತಿದ್ದರೆ ಉದ್ದೇಶವು ಬೇರೆ ಸಾಕ್ಷಿಯನ್ನು ಬೇಡುವುದಿಲ್ಲ. ತಪ್ಪು ಸ್ಥಾಪಿತವಾದರೆ ಅದನ್ನು ನಿಲ್ಲಿಸುವುದಕ್ಕೂ, ಅದರಿಂದ ನೊಂದವನಿಗೆ ತಕ್ಕ ಪರಿಹಾರವನ್ನು ಕೊಡಿಸುವುದಕ್ಕೂ ೩೦ನೆಯ ಕಲಮು ನ್ಯಾಯಾಲಯಕ್ಕೆ ಅಧಿಕಾರವನ್ನು ಕೊಟ್ಟಿತು.

ಬಸ್ಸಿಗಿಷ್ಟು ಎಂಬ ಮಜೂರಿ

ಬಸ್ಸು ತೊಳೆಯುವವರ ಪರವಾಗಿ ನಿಂತುದು ಕಾಸ್ಟ್ರೈಬ್ ರಾಜ್ಯ ಪರಿವಹನ ಕರ್ಮಚಾರಿ ಸಂಘಟನೆ. ಫಿರ್ಯಾದಿನ ಸಾರಾಂಶವು ಸರಳವಾಗಿದ್ದಿತು. ಡಿಪೋಗಳಲ್ಲಿ ರಾತ್ರಿಯ ಹೊತ್ತು ಎಂಟು ತಾಸು ಕೆಲಸ, ಕೆಲಸವು ನಿತ್ಯದ್ದು, ಮಾಡುವವರು ವರ್ಷಗಳಿಂದ ಅವರೇ. ಆದರೆ ಅವರಿಗೆ ಸಿಗುತ್ತಿದ್ದುದು ಸಂಬಳವಲ್ಲ, ತೊಳೆದ ಬಸ್ಸಿಗಿಷ್ಟು ಎಂಬ ಅಲ್ಪ ಮಜೂರಿ. ಅದೇ ಕೆಲಸವನ್ನು ಮಾಡುವ ಖಾಯಂ ನೌಕರನಿಗೆ ವೇತನಶ್ರೇಣಿಯಿದ್ದಿತು. ಇವರಿಗೆ ಬಸ್ಸುಗಳ ಎಣಿಕೆಯಿದ್ದಿತು.

ಇವರು ತುಂಡು ಲೆಕ್ಕದ ಮೇಲೆ ಬಂದವರು, ಕ್ರಮಬದ್ಧವಾಗಿ ನೇಮಕಗೊಂಡವರಲ್ಲ ಎಂಬುದು ನಿಗಮದ ವಾದ. ಕೈಗಾರಿಕಾ ನ್ಯಾಯಾಲಯವು ಸಾಕ್ಷ್ಯವನ್ನು ತೂಗಿ ನೋಡಿತು. ಸಫಾಯಿ ಕೆಲಸಗಾರರ ಹುದ್ದೆಗಳು ನಿಗಮದಲ್ಲಿದ್ದವೆಂಬುದೂ, ಇವರನ್ನು ವರ್ಷಗಟ್ಟಲೆ ಹಂಗಾಮಿಗಳಾಗಿಯೇ ಇರಿಸಲಾಗಿತ್ತೆಂಬುದೂ ಸ್ಥಾಪಿತವಾದವು. ಅನುಚಿತ ಪದ್ಧತಿಯು ನಡೆದಿದೆಯೆಂದು ಸಾರಿ ಅದು ಖಾಯಂಗೊಳಿಸಲು ಆಜ್ಞಾಪಿಸಿತು. ಹೈಕೋರ್ಟಿನ ಏಕಸದಸ್ಯ ಪೀಠವೂ ಬಳಿಕ ವಿಭಾಗೀಯ ಪೀಠವೂ ಅದನ್ನು ಎತ್ತಿಹಿಡಿದವು. ನಿಗಮವು ದಿಲ್ಲಿಗೆ ಹೋಯಿತು.

ಕರ್ನಾಟಕದಿಂದ ಬಂದ ತೊಡಕು

ಅಷ್ಟರಲ್ಲಿ ದಿಲ್ಲಿಯಲ್ಲಿ ಗಾಳಿಯ ದಿಕ್ಕು ಬದಲಾಗಿದ್ದಿತು. ಅದಕ್ಕೆ ಕಾರಣವಾದ ಪ್ರಕರಣವು ಕನ್ನಡ ನಾಡಿನದೇ ಎಂಬುದು ನಮ್ಮವರು ಅರಿತಿರಬೇಕಾದ ವಿಷಯ. ೧೯೯೦ರಲ್ಲಿ ಧಾರವಾಡ ಜಿಲ್ಲೆಯ ಲೋಕೋಪಯೋಗಿ ಇಲಾಖೆಯ ದಿನಗೂಲಿ ನೌಕರರ ಸಂಘದ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ದಿನಗೂಲಿಯವರನ್ನು ಹಂತಹಂತವಾಗಿ ಖಾಯಂಗೊಳಿಸುವ ಮಾರ್ಗವನ್ನು ತೋರಿತ್ತು. ಆದರೆ ೨೦೦೬ನೆಯ ಏಪ್ರಿಲ್ ೧೦ರಂದು ಐವರು ನ್ಯಾಯಾಧೀಶರ ಸಂವಿಧಾನ ಪೀಠವು, ಕರ್ನಾಟಕದ ವಾಣಿಜ್ಯ ತೆರಿಗೆ ಇಲಾಖೆಯ ದಿನಗೂಲಿ ನೌಕರರ ವಿಷಯದಲ್ಲಿ, ಉಮಾದೇವಿ ಪ್ರಕರಣವೆಂದು ಪ್ರಸಿದ್ಧವಾದ ತೀರ್ಪನ್ನು ಕೊಟ್ಟಿತು. ಸರಕಾರಿ ಉದ್ಯೋಗವು ಎಲ್ಲ ಪ್ರಜೆಗಳಿಗೂ ಸಮಾನವಾಗಿ ತೆರೆದಿರಬೇಕು. ಹಿಂಬಾಗಿಲಿನಿಂದ ಒಳಬಂದವನು ಬಹುಕಾಲ ಒಳಗಿದ್ದನೆಂಬ ಒಂದೇ ಕಾರಣದಿಂದ ಖಾಯಮಾತಿಗೆ ಹಕ್ಕುದಾರನಾಗನು. ಹೈಕೋರ್ಟುಗಳು ಅಂಥ ಆಜ್ಞೆಗಳನ್ನು ಸಾಮಾನ್ಯವಾಗಿ ಕೊಡಕೂಡದು ಎಂಬುದು ಅದರ ಸಾರ. ಮಂಜೂರಾದ ಹುದ್ದೆಗಳಲ್ಲಿ, ನ್ಯಾಯಾಲಯದ ಆಜ್ಞೆಯ ಬಲವಿಲ್ಲದೆ, ಹತ್ತು ವರ್ಷ ಅಥವಾ ಹೆಚ್ಚು ಕಾಲ ದುಡಿದ ಅರ್ಹರನ್ನು ಒಂದು ಬಾರಿಗೆ ಮಾತ್ರ ಖಾಯಂಗೊಳಿಸಬಹುದೆಂದು ಒಂದು ಕಿಂಡಿಯನ್ನು ಉಳಿಸಿತು.

ಇದಕ್ಕೆ ಒಂದು ವರ್ಷ ಮುಂಚೆ, ೨೦೦೫ರಲ್ಲಿ, ಕರ್ನಾಟಕದ ಸಾರಿಗೆ ನಿಗಮದ ಬದಲಿ ಕಂಡಕ್ಟರೊಬ್ಬರ ಪ್ರಕರಣದಲ್ಲಿಯೂ ಬದಲಿ ನೌಕರನಿಗೆ ಖಾಯಂ ನೌಕರನ ಸ್ಥಾನಮಾನವಿಲ್ಲವೆಂದು ಅದೇ ನ್ಯಾಯಾಲಯವು ಹೇಳಿತ್ತು. ಈ ಹೊಸ ಬಲದಿಂದ ಎಸ್.ಟಿ. ನಿಗಮವು, ಬಸ್ಸು ತೊಳೆಯುವವರ ಪರವಾದ ಆಜ್ಞೆಗಳೂ ಉರುಳಬೇಕೆಂದು ವಾದಿಸಿತು.

ನ್ಯಾಯಮೂರ್ತಿಗಳಾದ ತರುಣ್ ಚಟರ್ಜಿ ಹಾಗೂ ಆರ್.ಎಂ. ಲೋಧಾ ಅವರ ಪೀಠವು ಆ ವಾದವನ್ನೊಪ್ಪಲಿಲ್ಲ. ಸಂವಿಧಾನ ಪೀಠವು ಮಿತಿಗೊಳಿಸಿದ್ದು ಸುಪ್ರೀಂ ಕೋರ್ಟು ಮತ್ತು ಹೈಕೋರ್ಟುಗಳು ರಿಟ್ ಅಧಿಕಾರದಿಂದ ಕೊಡುವ ಆಜ್ಞೆಗಳನ್ನು. ಕೈಗಾರಿಕಾ ನ್ಯಾಯಾಲಯದ ಅಧಿಕಾರವಾದರೋ ೧೯೭೧ರ ಕಾಯಿದೆಯಿಂದ ಬಂದುದು. ಅನುಚಿತ ಪದ್ಧತಿಯನ್ನು ತಾನೇ ನಡೆಸಿದ ಮಾಲೀಕನು ಉಮಾದೇವಿ ತೀರ್ಪಿನ ಮರೆಯಲ್ಲಿ ಅಡಗಿಕೊಳ್ಳುವಂತಿಲ್ಲ. ಆದರೆ ಹುದ್ದೆಗಳು ಇದ್ದಾಗ ಮಾತ್ರ ಖಾಯಂಗೊಳಿಸುವ ಆಜ್ಞೆ ಸಲ್ಲುವುದು. ಇಲ್ಲದ ಹುದ್ದೆಯನ್ನು ಸೃಷ್ಟಿಸುವುದು ನ್ಯಾಯಾಲಯದ ಕೆಲಸವಲ್ಲವೆಂದೂ ಪೀಠವು ಸ್ಪಷ್ಟಪಡಿಸಿತು. ಈ ಕೆಲಸಗಾರರ ವಿಷಯದಲ್ಲಿ ಹುದ್ದೆಗಳಿದ್ದುವಾದುದರಿಂದ ನಿಗಮದ ಅಪೀಲು ಬಿದ್ದುಹೋಯಿತು. ರಾತ್ರಿಯ ಹೊತ್ತು ಬಸ್ಸು ತೊಳೆದವರು ಹಗಲಿನ ಬೆಳಕಿನಲ್ಲಿ ನೌಕರರೆನಿಸಿದರು.

ಹೊರಗೆ ನಿಂತವನ ಮಾತು

ಈ ವಿಜಯವನ್ನು ಹೊಗಳುವಾಗ ಎದುರು ಪಕ್ಷದ ನ್ಯಾಯವನ್ನೂ ಕೇಳತಕ್ಕದ್ದು. ಎದುರು ಪಕ್ಷವೆಂದರೆ ನಿಗಮವಲ್ಲ. ಪರೀಕ್ಷೆಯನ್ನು ಬರೆದು, ಹೆಸರು ಬರುವುದೆಂದು ಕಾದು ಹೊರಗೆ ನಿಂತ ತರುಣನು. ಕೇರಳದಲ್ಲಿ ೨೦೧೮ರ ಡಿಸೆಂಬರಿನಲ್ಲಿ ನಡೆದುದು ಇದನ್ನು ಚೆನ್ನಾಗಿ ತೋರಿಸುತ್ತದೆ. ಅಲ್ಲಿಯ ಸಾರಿಗೆ ನಿಗಮದಲ್ಲಿ ಪಟ್ಟಿಯ ಮೇಲಿದ್ದ ಹಂಗಾಮಿ ಕಂಡಕ್ಟರರನ್ನು ಬಿಡಿಸಿ, ಲೋಕಸೇವಾ ಆಯೋಗವು ಆರಿಸಿ ಕಳುಹಿಸಿದವರನ್ನು ನೇಮಿಸಬೇಕೆಂದು ಹೈಕೋರ್ಟು ಆಜ್ಞಾಪಿಸಿತು. ೩,೮೦೦ಕ್ಕೂ ಮಿಕ್ಕಿದ ಕಂಡಕ್ಟರರು ಕೆಲಸವನ್ನು ಕಳೆದುಕೊಂಡರು. ವರ್ಷಗಟ್ಟಲೆ ಟಿಕೇಟು ಹರಿದವನ ಕಣ್ಣೀರೂ ನಿಜ. ಪರೀಕ್ಷೆಯಲ್ಲಿ ಗೆದ್ದು ಮನೆಯಲ್ಲಿ ಕುಳಿತವನ ನಿಟ್ಟುಸಿರೂ ನಿಜ. ಇಬ್ಬರು ಬಡವರನ್ನು ಎದುರುಬದುರು ನಿಲ್ಲಿಸಿದವರಾರು? ಕಾಲಕಾಲಕ್ಕೆ ಜಾಹೀರಾತು ಕೊಟ್ಟು, ಹುದ್ದೆಗಳನ್ನು ನೇರ ಮಾರ್ಗದಿಂದ ತುಂಬಬೇಕಾಗಿದ್ದ ಆಡಳಿತವು ಹಾಗೆ ಮಾಡದೆ, ಅಗ್ಗದ ಕೈಗಳಿಂದ ಕೆಲಸವನ್ನು ನಡೆಸಿಕೊಂಡಿತು. ಹಿಂಬಾಗಿಲಿನಿಂದ ಬಂದನೆಂದು ಕೆಲಸಗಾರನನ್ನು ದೂರುವ ಮುನ್ನ, ಮುಂಬಾಗಿಲಿಗೆ ಬೀಗವನ್ನು ಹಾಕಿದವರು ಯಾರೆಂದು ಕೇಳಬೇಕಾಗಿದೆ.

ಇತ್ತೀಚೆಗೆ ಸುಪ್ರೀಂ ಕೋರ್ಟಿನ ಮಾತಿನಲ್ಲಿಯೂ ಈ ಅರಿವು ಕಂಡುಬಂದಿದೆ. ೨೦೨೪ನೆಯ ಡಿಸೆಂಬರ್ ೨೦ರಂದು, ಕೇಂದ್ರ ಜಲ ಆಯೋಗದಲ್ಲಿ ದಶಕಗಳಿಂದ ಕಸ ಗುಡಿಸಿ, ತೋಟವನ್ನು ನೋಡಿಕೊಳ್ಳುತ್ತಿದ್ದ ಕೆಲವರ ವಿಷಯದಲ್ಲಿ, ಅವರನ್ನು ಕೆಲಸದಿಂದ ತೆಗೆದ ಆಜ್ಞೆಯನ್ನು ರದ್ದುಪಡಿಸಿ ಖಾಯಂಗೊಳಿಸುವಂತೆ ಅದು ಆಜ್ಞಾಪಿಸಿತು. ಉಮಾದೇವಿ ತೀರ್ಪು ಅಕ್ರಮ ನೇಮಕಗಳನ್ನು ತಡೆಯುವುದಕ್ಕಾಗಿ ಬಂದುದೇ ಹೊರತು, ದೀರ್ಘಕಾಲ ದುಡಿದವರ ನ್ಯಾಯವಾದ ಹಕ್ಕನ್ನು ನಿರಾಕರಿಸುವ ಆಯುಧವಲ್ಲವೆಂಬುದು ಆ ತೀರ್ಪಿನ ಇಂಗಿತ.

ಇಂದಿನ ರೂಪ

ಆದರೆ ಕಾಲವು ಸುಮ್ಮನಿರುವುದಿಲ್ಲ. ಬದಲಿಯ ಸ್ಥಳದಲ್ಲಿ ಈಗ ಗುತ್ತಿಗೆಯು ಬಂದಿದೆ. ಮುಂಬಯಿಯ ಬೆಸ್ಟ್ ಸಂಸ್ಥೆಯನ್ನೇ ನೋಡಿರಿ. ಇತ್ತೀಚಿನ ವರ್ಷಗಳಲ್ಲಿ ಬೆಸ್ಟ್ ಬಣ್ಣದ ಬಸ್ಸುಗಳಲ್ಲಿ ಎಷ್ಟೋ ಬಸ್ಸುಗಳು ಖಾಸಗಿ ಗುತ್ತಿಗೆದಾರರವು. ಬಸ್ಸಿನೊಡನೆ ಡ್ರೈವರನೂ ಅವರವನೇ. ೨೦೨೩ರ ಆಗಸ್ಟಿನಲ್ಲಿ ಘಾಟ್ಕೋಪರ್, ಮುಲುಂಡ್ ಡಿಪೋಗಳಲ್ಲಿ ಮೊದಲಾದ ಅಂಥ ಡ್ರೈವರರ ಮುಷ್ಕರದಿಂದ ಹಲವು ದಿನ ನಗರದ ಜನರು ಪಾಡುಪಟ್ಟುದು ವಾಚಕರಿಗೆ ನೆನಪಿರಬಹುದು. ಸಮಾನ ಕೆಲಸಕ್ಕೆ ಸಮಾನ ವೇತನವೆಂಬುದು ಅವರ ಬೇಡಿಕೆಗಳಲ್ಲೊಂದು.

ಇವರ ಮಾರ್ಗವು ಬಸ್ಸು ತೊಳೆಯುವವರ ಮಾರ್ಗಕ್ಕಿಂತ ದುರ್ಗಮವಾದುದು. ತಾನು ಯಾರ ನೌಕರನೆಂಬುದನ್ನೇ ಗುತ್ತಿಗೆಯವನು ಮೊದಲು ಸಾಧಿಸಬೇಕು. ಗುತ್ತಿಗೆ ಪದ್ಧತಿಯನ್ನು ಸರಕಾರವು ನಿಷೇಧಿಸಿದರೂ ಕೆಲಸಗಾರರು ತಾವಾಗಿಯೇ ಮೂಲ ಸಂಸ್ಥೆಯ ನೌಕರರಾಗರು ಎಂದು ೨೦೦೧ರಲ್ಲಿ ಉಕ್ಕು ಪ್ರಾಧಿಕಾರದ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠವು ತೀರ್ಪಿತ್ತಿದೆ. ಗುತ್ತಿಗೆಯು ಕೇವಲ ತೋರಿಕೆಯದು, ನಿಜವಾದ ಒಡೆಯನು ಮೂಲ ಸಂಸ್ಥೆಯೇ ಎಂದು ಸಾಕ್ಷ್ಯದಿಂದ ತೋರಿಸಿದವನಿಗೆ ಮಾತ್ರ ದಾರಿಯುಂಟು.

೨೦೨೫ನೆಯ ನವೆಂಬರ್ ೨೧ರಂದು ಕೇಂದ್ರ ಸರಕಾರವು ಹೊಸ ಕಾರ್ಮಿಕ ಸಂಹಿತೆಗಳನ್ನು ಜಾರಿಗೆ ತಂದಿತು. ಕೈಗಾರಿಕಾ ಸಂಬಂಧಗಳ ಸಂಹಿತೆಯ ಅನುಚಿತ ಪದ್ಧತಿಗಳ ಪಟ್ಟಿಯಲ್ಲಿಯೂ ಬದಲಿಗಳನ್ನು ವರ್ಷಗಟ್ಟಲೆ ಹಾಗೆಯೇ ಇರಿಸಬಾರದೆಂಬ ಮಾತು ಉಳಿದಿದೆ. ಅದರ ಜತೆಗೆ ನಿಗದಿತ ಅವಧಿಯ ನೇಮಕಕ್ಕೂ ಅದು ಮಾನ್ಯತೆಯನ್ನಿತ್ತಿದೆ. ಒಂದು ಕೈಯಿಂದ ಕೊಟ್ಟುದನ್ನು ಇನ್ನೊಂದು ಕೈಯು ಕಸಿದುಕೊಳ್ಳುವುದೋ ಇಲ್ಲವೋ ಎಂಬುದು ಮುಂದಿನ ತೀರ್ಪುಗಳಿಂದ ತಿಳಿಯಬೇಕು.

ಕಾಗದವನ್ನು ಕಾಪಾಡಿಕೊಳ್ಳಿರಿ

ಇನ್ನು ನಮ್ಮವರಿಗೆ ಹೇಳಬೇಕಾದ ಕೆಲವು ಮಾತುಗಳುಂಟು. ಇಂಥ ವ್ಯಾಜ್ಯಗಳಲ್ಲಿ ಗೆಲುವು ವಕೀಲರ ವಾಗ್ವೈಖರಿಗಿಂತ ಹೆಚ್ಚಾಗಿ ಕೆಲಸಗಾರನ ಟ್ರಂಕಿನೊಳಗಿನ ಕಾಗದಗಳನ್ನು ಅವಲಂಬಿಸಿದೆ. ನೇಮಕದ ಪತ್ರ, ಹಾಜರಿಯ ಚೀಟಿ, ಡ್ಯೂಟಿಯ ಪಟ್ಟಿ, ಮಜೂರಿಯ ರಸೀದಿ, ಬ್ಯಾಂಕಿನ ಪುಸ್ತಕ, ಭವಿಷ್ಯನಿಧಿಯ ಸಂಖ್ಯೆ - ಇವುಗಳಲ್ಲಿ ಒಂದನ್ನೂ ಕಳೆದುಕೊಳ್ಳಬಾರದು. ೨೪೦ ದಿನ ದುಡಿದೆನೆಂದು ಹೇಳುವವನೇ ಅದನ್ನು ಮೊದಲು ತೋರಿಸಬೇಕಾಗುತ್ತದೆ. ದಾಖಲೆಯು ಮಾಲೀಕನ ಕೈಯಲ್ಲಿದ್ದರೆ ಅದನ್ನು ಹಾಜರುಪಡಿಸಬೇಕೆಂದು ನ್ಯಾಯಾಲಯದಲ್ಲಿ ಅರ್ಜಿ ಕೊಡಲು ಮರೆಯಬಾರದು.

ಎರಡನೆಯದು ಕಾಲದ ಮಾತು. ೧೯೭೧ರ ಕಾಯಿದೆಯು ಫಿರ್ಯಾದು ಕೊಡಲು ಇತ್ತ ಗಡುವು ೯೦ ದಿನಗಳದು. ಸಕಾರಣವಿದ್ದರೆ ತಡವನ್ನು ಮನ್ನಿಸಬಹುದಾದರೂ ಮನ್ನಣೆಯನ್ನು ನಂಬಿ ಕೂರುವುದು ಜಾಣತನವಲ್ಲ. ಸಂಹಿತೆಗಳು ಹೊಸದಾಗಿರುವ ಈಗ ಯಾವ ಕಟ್ಟೆಯನ್ನು ಎಷ್ಟು ದಿನದೊಳಗೆ ಏರಬೇಕೆಂಬುದನ್ನು ಕಾರ್ಮಿಕ ಕಾಯಿದೆಯನ್ನು ಬಲ್ಲ ವಕೀಲರಿಂದ ತಿಳಿದುಕೊಂಡೇ ಹೆಜ್ಜೆಯಿಡಬೇಕು. ಚೆನ್ನೈಯ ನಮ್ಮ ವಾಚಕರು, ತಮಿಳುನಾಡಿನ ೧೯೮೧ರ ಕಾಯಿದೆಯು ೨೪ ತಿಂಗಳುಗಳಲ್ಲಿ ೪೮೦ ದಿನ ದುಡಿದವರಿಗೆ ಖಾಯಂ ಸ್ಥಾನವನ್ನು ವಿಧಿಸಿತೆಂಬುದನ್ನು ನೆನಪಿನಲ್ಲಿಡಬೇಕು. ರಾಜ್ಯಕ್ಕೊಂದು ಎಣಿಕೆ, ಊರಿನ ಎಣಿಕೆಯನ್ನು ಪರವೂರಿಗೆ ಹೊತ್ತು ತರಬಾರದು.

ಮೂರನೆಯದು ಸಂಘದ ಮಾತು. ಆರನೆಯ ಬಾಬಿನ ಫಿರ್ಯಾದುಗಳಲ್ಲಿ, ಮಾನ್ಯತೆ ಪಡೆದ ಸಂಘವು ಇರುವೆಡೆಯಲ್ಲಿ, ನೌಕರನು ಅದರ ಮೂಲಕವೇ ನ್ಯಾಯಾಲಯದ ಮುಂದೆ ಬರಬೇಕೆಂದು ಆ ಕಾಯಿದೆಯ ೨೧ನೆಯ ಕಲಮು ಹೇಳಿತ್ತು. ಪರವೂರಿನಲ್ಲಿರುವ ನಮ್ಮವರು ಊರಿನ ಸಂಘ, ಜಾತಿಯ ಸಂಘಗಳಿಗೆ ಚಂದಾ ತಪ್ಪಿಸುವುದಿಲ್ಲ. ಕೆಲಸದ ಸ್ಥಳದ ಸಂಘವೆಂದರೆ ಮಾತ್ರ ದೂರ ನಿಲ್ಲುತ್ತಾರೆ. "ನಮಗೇಕೆ ಗಲಾಟೆ" ಎಂಬ ಈ ಸ್ವಭಾವದಿಂದ ಮಾಲೀಕನಿಗೆ ಲಾಭವೇ ಹೊರತು ನಮಗಲ್ಲ.

ಕೊನೆಯ ಮಾತು ಗಲ್ಲಾದ ಹಿಂದೆ ಕುಳಿತ ನಮ್ಮ ಬಂಧುಗಳಿಗೆ. ನ್ಯಾಯಾಲಯದ ಮಾರ್ಗವು ಎಷ್ಟು ನೇರವಾಗಿದ್ದರೂ ದೀರ್ಘವಾದುದು. ಬಸ್ಸು ತೊಳೆಯಲು ಇಪ್ಪತ್ತರ ಹರೆಯದಲ್ಲಿ ಬಂದವನು ತೀರ್ಪಿನ ಹೊತ್ತಿಗೆ ನಲವತ್ತೈದನ್ನು ದಾಟಿರಬೇಕು. ಅವನ ಬಾಳಿನ ಅತ್ಯುತ್ತಮ ವರ್ಷಗಳನ್ನು ಹಿಂದಕ್ಕೆ ಕೊಡಿಸುವ ಶಕ್ತಿ ಯಾವ ನ್ಯಾಯಪೀಠಕ್ಕೂ ಇಲ್ಲ. ಆ ಶಕ್ತಿಯಿರುವುದು ಪ್ರತಿತಿಂಗಳೂ ಸಂಬಳದ ಪಟ್ಟಿಗೆ ಸಹಿ ಹಾಕುವ ಕೈಗೆ ಮಾತ್ರ. ನಮ್ಮ ಹೋಟೆಲು, ಅಂಗಡಿ, ಕಾರಖಾನೆಗಳ ಪಟ್ಟಿಯನ್ನು ಇಂದು ರಾತ್ರಿ ಒಮ್ಮೆ ತೆರೆದು ನೋಡೋಣ. ಬದಲಿಯೆಂದು ಬರೆದಿರುವ ಪ್ರತಿಯೊಂದು ಹೆಸರಿನ ಎದುರಿಗೂ ಆ ತರುಣನ ಪ್ರಶ್ನೆಯನ್ನು ಕೇಳಿಕೊಳ್ಳೋಣ: ಇವನು ಯಾರ ಬದಲಿ? ಉತ್ತರವು ದೊರೆಯದಿದ್ದರೆ, ಅವನು ಕೋರ್ಟಿಗೆ ಹೋಗುವವರೆಗೆ ಕಾಯದೆ, ಆ ಶಬ್ದವನ್ನು ನಾವೇ ಹೊಡೆದುಹಾಕುವುದು ಯೋಗ್ಯ.